ಮಾವನ ಟಿಬಿ ಮತ್ತು ಮದ್ರಾಸಿನ ಫಾಕ್ಸ್ ಡಾಕ್ಟರು

ಬಳ್ಳಾರಿಯ ಕೌಲ್ ಬಜಾರಿನಲ್ಲಿ ಜೀನ್ಸ್ ಹೊಲಿಯುವ ನಮ್ಮ ಸೋದರಮಾವನ ಕಫದಲ್ಲಿ ಟಿಬಿ ಇದೆ ಅಂತ ಗೊತ್ತಾದ ಸಂಜೆಯೇ ಮನೆಯಲ್ಲಿ ತೀರ್ಮಾನ ಆಗಿಹೋಗಿತ್ತು. ಗಂಗಾಳ ಬೇರೆ, ಚರಿಗೆ ಬೇರೆ, ಹಾಸಿಗೆ ಬೇರೆ. ಅಷ್ಟಕ್ಕೂ ಸಮಾಧಾನವಾಗದೆ ಅಜ್ಜಿ, ಅವನನ್ನು ಹೊಲದ ಮನೆಗೇ ಕಳಿಸಬೇಕೆಂದು ಪಟ್ಟು ಹಿಡಿದರು.

"ಅಲ್ಲಿ ಗಾಳಿ ಬೆಳಕು ಚಲೋ ಅದ. ಇಲ್ಲಿ ಸಣ್ಣ ಹುಡುಗರು ಅದಾವ."

ಹೆತ್ತ ಮಗನನ್ನೇ ಹೊರಗೆ ಹಾಕುವ ಕಲ್ಲು ಮನಸ್ಸಿನವರಲ್ಲ ಅವರು. ಬಳ್ಳಾರಿ ಇನ್ನೂ ಮದ್ರಾಸಿಗೆ ಸೇರಿದ್ದ ಕಾಲದಲ್ಲಿ ಅಜ್ಜಿಯ ಅಣ್ಣನನ್ನು ಮದನಪಲ್ಲಿಯ ಆರೋಗ್ಯವರಂ ಸ್ಯಾನಟೋರಿಯಂಗೆ ಕಳಿಸಿದ್ದರಂತೆ. 1915ರಲ್ಲಿ ಶುರುವಾದ ಆ ಟಿಬಿ ಆಸ್ಪತ್ರೆಯಲ್ಲಿ ಡೆನ್ಮಾರ್ಕಿನ ಫ್ರಿಮೋಡ್ ಮೊಲ್ಲರ್ ಮೊದಲ ದೊಡ್ಡ ಡಾಕ್ಟರು. ಹಾಲು, ಮೊಟ್ಟೆ, ವಿಶ್ರಾಂತಿ, ಬೆಟ್ಟದ ಗಾಳಿ, ಇವೇ ಆಗಿನ ಮದ್ದು. ಅಣ್ಣ ತಿರುಗಿ ಬರಲಿಲ್ಲ. ಆದರೂ ಟಿಬಿ ಎಂದರೆ ದೂರ ಕಳಿಸುವುದು ಎಂಬುದು ಅಜ್ಜಿಯ ತಲೆಯಲ್ಲಿ ಹಾಗೇ ಉಳಿದಿತ್ತು.

ನಾನು ಫಾರ್ಮಸಿ ಓದಿದವಳು. ವ್ಯಾಲೇಸ್ ಫಾಕ್ಸ್ ಎಂಬ ಹೆಸರು ನನಗೆ ಪರೀಕ್ಷೆಗೆ ಬೇಕಾದಷ್ಟೇ ಗೊತ್ತಿತ್ತು. ಆ ರಾತ್ರಿ ಕೂತು ಸರಿಯಾಗಿ ಓದಿದೆ. ಇಂಗ್ಲೆಂಡಿನ ಈ ಡಾಕ್ಟರು 1956ರಲ್ಲಿ ಮದ್ರಾಸಿನ ಚೇಟ್‌ಪಟ್‌ಗೆ ಬಂದರು. 193 ರೋಗಿಗಳನ್ನು ಚೀಟಿ ಎತ್ತಿದ ಹಾಗೆ ಎರಡು ಪಾಲು ಮಾಡಿ, ಒಂದು ಪಾಲನ್ನು ಸ್ಯಾನಟೋರಿಯಂಗೆ ಕಳಿಸಿ, ಇನ್ನೊಂದನ್ನು ಅವರವರ ಮನೆಯಲ್ಲೇ ಬಿಟ್ಟರು. ಎರಡೂ ಪಾಲಿನವರಿಗೆ ಒಂದು ವರ್ಷ ಐಸೋನಿಯಾಜಿಡ್ ಮತ್ತು ಪಾಸ್ ಎಂಬ ಅವೇ ಔಷಧಿ. ಮನೆಯಲ್ಲಿ ಉಳಿದವರಿಗೆ ಇಕ್ಕಟ್ಟಿನ ಕೋಣೆ, ಅರೆಹೊಟ್ಟೆ ಊಟ, ಎದ್ದು ಓಡಾಡಲೇಬೇಕಾದ ಬದುಕು. 1959ರಲ್ಲಿ ಫಲಿತಾಂಶ ಬಂದಾಗ ಗುಣವಾದವರ ಪ್ರಮಾಣ ಎರಡೂ ಕಡೆ ಹೆಚ್ಚುಕಡಿಮೆ ಒಂದೇ. ರೋಗಿ ಮನೆಯಲ್ಲೇ ಉಳಿದದ್ದರಿಂದ ಮನೆಮಂದಿಗೂ ಹೆಚ್ಚಿಗೆ ರೋಗ ತಗುಲಲಿಲ್ಲ. ತಗುಲುವುದಿದ್ದರೆ ಬಹುಪಾಲು ಔಷಧಿ ಶುರುವಾಗುವ ಮುಂಚೆಯೇ ತಗುಲಿರುತ್ತದೆ. ಶುರುವಾದ ಮೇಲೆ ಹರಡುವುದು ಬೇಗ ತಗ್ಗುತ್ತದೆ.

ಮರುದಿನ ಇದನ್ನೆಲ್ಲ ಹೇಳಿದರೆ ಅಜ್ಜಿ ಅಂಕಿಸಂಖ್ಯೆಗೆ ಕಿವಿಗೊಡಲಿಲ್ಲ. ಒಂದೇ ಮಾತು ಕೇಳಿದರು.

"ನಮ್ಮಣ್ಣನ ಕಾಲಕ್ಕ ಈ ಗುಳಿಗಿ ಇರಲಿಲ್ಲೇನು?"

"ಐಸೋನಿಯಾಜಿಡ್ ಬಂದದ್ದೇ 1952ಕ್ಕ, ಅಜ್ಜಿ."

ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಂಗಾರ ಪಡಸಾಲಿಯಾಗ ಮಲಗಲಿ, ಕಿಟಕಿ ತೆಗೀರಿ" ಅಂದರು. ಆರೋಗ್ಯ ಕೇಂದ್ರದ ಡಾಕ್ಟರೂ ಅದನ್ನೇ ಹೇಳಿದ್ದರು: ಮೊದಲ ಕೆಲವು ವಾರ ಗಾಳಿ ಆಡುವ ಕಡೆ ಮಲಗಲಿ, ಕೆಮ್ಮುವಾಗ ಬಾಯಿಗೆ ಬಟ್ಟೆ ಹಿಡಿಯಲಿ, ಮಕ್ಕಳ ತಪಾಸಣೆ ಮಾಡಿಸಿ. ತಟ್ಟೆ ಲೋಟದಿಂದ ಟಿಬಿ ಹರಡುವುದಿಲ್ಲ ಎಂದದ್ದನ್ನು ಮಾತ್ರ ಅಜ್ಜಿ ನಂಬಲಿಲ್ಲ. ಅದಕ್ಕೆ ನಾನೂ ಜಗಳಕ್ಕೆ ಹೋಗಲಿಲ್ಲ.

ನಿಜವಾದ ಕಷ್ಟ ಬಂದದ್ದು ಎರಡು ತಿಂಗಳು ಕಳೆದ ಮೇಲೆ. ಕೆಮ್ಮು ಹೋಗಿ, ಮೈ ತುಂಬಿಕೊಂಡು, ಮಾವ ಮಷೀನಿಗೆ ಕೂತ. "ಆರಾಮ ಆಗೀನಿ, ಇನ್ಯಾಕ ಗುಳಿಗಿ?" ಫಾಕ್ಸ್ ನನಗೆ ದೊಡ್ಡವರಾಗಿ ಕಂಡದ್ದು ಇಲ್ಲಿ. ರೋಗಿ ಮಾತ್ರೆ ಬಿಟ್ಟೇ ಬಿಡುತ್ತಾನೆ ಎಂಬುದನ್ನು ಅವರು ತಪ್ಪು ಅಂತ ಬೈಯದೆ, ಮನುಷ್ಯ ಸ್ವಭಾವ ಅಂತ ಲೆಕ್ಕಕ್ಕೆ ಹಿಡಿದರು. ಮದ್ರಾಸಿನಲ್ಲಿ ಅವರ ಕಡೆಯವರು ಹೇಳದೆ ಕೇಳದೆ ಮನೆಗೆ ಹೋಗಿ ಉಳಿದ ಮಾತ್ರೆ ಎಣಿಸುತ್ತಿದ್ದರು, ಮೂತ್ರ ಪರೀಕ್ಷೆ ಮಾಡುತ್ತಿದ್ದರು. ಎದುರಿಗೇ ನುಂಗಿಸುವ ಪದ್ಧತಿ ಬೆಳೆದದ್ದು ಈ ಅನುಭವದಿಂದಲೇ. ಮುಂದೆ ರಿಫಾಂಪಿಸಿನ್, ಪೈರಾಜಿನಮೈಡ್ ಎಂಬ ಔಷಧಿ ಸೇರಿಸಿ ಚಿಕಿತ್ಸೆಯನ್ನು ಆರು ತಿಂಗಳಿಗೆ ಇಳಿಸಿದ ಅಧ್ಯಯನಗಳಲ್ಲೂ ಅವರ ಕೈ ಇತ್ತು.

ನಮ್ಮಲ್ಲಿ ಎದುರಿಗೇ ನುಂಗಿಸುವ ಕೆಲಸ ಅತ್ತೆ ವಹಿಸಿಕೊಂಡಳು. ರಿಫಾಂಪಿಸಿನ್ ನುಂಗಿದರೆ ಮೂತ್ರ ಕೇಸರಿ ಬಣ್ಣಕ್ಕೆ ತಿರುಗುತ್ತದೆ ಎಂದು ನಾನು ಬಾಯಿತಪ್ಪಿ ಹೇಳಿದ್ದೇ ತಡ, ಮಾವನಿಗೆ ಬಚ್ಚಲಿನಲ್ಲೂ ನೆಮ್ಮದಿ ಇಲ್ಲದಾಯಿತು. ಆಶಾ ಕಾರ್ಯಕರ್ತೆ ಬಂದರೆ ಅತ್ತೆಯೇ ವರದಿ ಒಪ್ಪಿಸುತ್ತಿದ್ದಳು.

ಊಟಕ್ಕೆಂದು ಸರ್ಕಾರ ಕೊಡುವ ತಿಂಗಳಿಗೆ 1000 ರೂಪಾಯಿಯಲ್ಲಿ ಮೊಟ್ಟೆ, ಶೇಂಗಾ ಬಂದವು. ಒಂದು ಸಲ ಮಾವ ಅದರಲ್ಲಿ ಮಷೀನಿಗೆ ಹೊಸ ಬೆಲ್ಟ್ ತಂದ. ಗುಳಿಗೆ ಮುಗಿದು ಕಫ ಪರೀಕ್ಷೆಯಲ್ಲಿ ಏನೂ ಇಲ್ಲ ಅಂತ ಬಂದ ಮೇಲೂ ಅತ್ತೆ ಆ ಬೆಲ್ಟಿನ ಲೆಕ್ಕ ಕೇಳುವುದನ್ನು ಬಿಟ್ಟಿಲ್ಲ.