ಗುಳ್ಳಕಾಯಜ್ಜಿಯ ಎದುರು ನಿಂತ ಹೊತ್ತು

ಭಾದ್ರಪದ ಶುಕ್ಲ ಪಂಚಮಿ ಬಂತೆಂದರೆ ನಮ್ಮ ಜೈನರ ಮನೆಗಳಲ್ಲಿ ದಶಲಕ್ಷಣ ಪರ್ವ ಶುರುವಾಗುತ್ತದೆ. ಹತ್ತು ದಿನ, ದಿನಕ್ಕೊಂದು ಧರ್ಮ. ಮೊದಲ ದಿನ ಉತ್ತಮ ಕ್ಷಮೆ, ಎರಡನೆಯ ದಿನ ಉತ್ತಮ ಮಾರ್ದವ. ಚಿಕ್ಕವಳಿದ್ದಾಗ ಮಾರ್ದವ ಅಂದರೆ ಏನಪ್ಪಾ ಅಂತ ಕೇಳಿದ್ದೆ. ಅಮ್ಮ ಚಪಾತಿಗೆ ಹಿಟ್ಟು ಕಲಸುತ್ತಿದ್ದಳು. ಅಪ್ಪ ಅದನ್ನೇ ತೋರಿಸಿ, "ನೀರು ಕುಡಿದ ಹಿಟ್ಟು ನೋಡು, ಹೇಗೆ ಒತ್ತಿದರೂ ಒಗ್ಗುತ್ತೆ. ಮನಸ್ಸು ಹಾಗಿರಬೇಕು, ಮಗಾ" ಅಂದಿದ್ದರು. ಅಷ್ಟು ಹೇಳಿ ಹಾಲಿನ ಚೊಂಬು ಹಿಡಿದು ಬಸದಿಗೆ ಹೊರಟರು.

ಬೆಳಗ್ಗೆ ಕರೆದ ಹಾಲಿನಲ್ಲಿ ಮೊದಲ ಚೊಂಬು ಬಸದಿಯ ಅಭಿಷೇಕಕ್ಕೆ. ಅಪ್ಪ ಇದನ್ನು ಎಷ್ಟು ವರ್ಷ ನಡೆಸಿದರೋ. ಇನ್ನೂ ಕತ್ತಲಿರುವಾಗಲೇ ಹೋಗಿ, ಕೊಟ್ಟು, ಬಂದುಬಿಡುತ್ತಿದ್ದರು. ಆ ಹಾಲು ಯಾರ ಮನೆಯದು ಅಂತ ಊರಿನಲ್ಲಿ ಅರ್ಧ ಜನಕ್ಕೆ ಗೊತ್ತಿರಲಿಲ್ಲ.

ಅಪ್ಪ ತೀರಿಕೊಂಡ ಮೇಲೆ ನಾವು ಮಕ್ಕಳೆಲ್ಲ ಸೇರಿ ಬಸದಿಗೆ ಗ್ರಾನೈಟ್ ನೆಲ ಹಾಸಿಸಿದೆವು. ಬಾಗಿಲ ಪಕ್ಕ ಒಂದು ಫಲಕವನ್ನೂ ಇಡಿಸಿದೆವು. ಅದರಲ್ಲಿ ಅಪ್ಪನ ಹೆಸರು, ಕೆಳಗೆ ನಮ್ಮೆಲ್ಲರ ಹೆಸರು. ಬಸದಿಗೆ ಹೋದಾಗಲೆಲ್ಲ ನನ್ನ ಕಣ್ಣು ಮೊದಲು ಹೋಗುತ್ತಿದ್ದುದು ಆ ಫಲಕದ ಕಡೆಗೆ. ಸ್ವಾಮಿಯ ಕಡೆಗೆ ಆಮೇಲೆ. ಇದು ಆಗ ನನಗೆ ತಪ್ಪು ಅನ್ನಿಸಲೇ ಇಲ್ಲ.

ಕೆಲವು ವರ್ಷ ಬಿಟ್ಟು ಬಸದಿಯ ಬಾಗಿಲು ದುರಸ್ತಿ ಮಾಡಿಸಿದರು. ಆ ಸಲದ ದಶಲಕ್ಷಣಕ್ಕೆ ಊರಿಗೆ ಹೋದಾಗ ಫಲಕ ಗೋಡೆಯಲ್ಲಿ ಇರಲಿಲ್ಲ. ಹಿಂದಿನ ಸಾಮಾನು ಕೋಣೆಯಲ್ಲಿ ಒರಗಿಸಿಟ್ಟಿದ್ದರು. ನನಗೆ ಮೈಯೆಲ್ಲ ಉರಿಯಿತು. ಬಸದಿ ನೋಡಿಕೊಳ್ಳುವ ಹಿರಿಯರೊಬ್ಬರ ಹತ್ತಿರ ಜೋರಾಗಿ ಮಾತಾಡಿದೆ. ಅವರು ನನಗೆ ತಂದೆಯ ಸಮಾನ. ಮಂಗಳಾರತಿಗೂ ನಿಲ್ಲದೆ ಹೊರಟು ಬಂದೆ. ಅವತ್ತು ಯಾವ ದಿನ ಅಂದರೆ, ಉತ್ತಮ ಮಾರ್ದವದ ದಿನ. ಒಪ್ಪೊತ್ತು ಉಂಡು ಏಕಾಶನ ವ್ರತ ಹಿಡಿದಿದ್ದೆ ಬೇರೆ.

ಮುಂದಿನ ವರ್ಷ ಪರ್ವಕ್ಕೆ ಮುಂಚೆ ಅಮ್ಮ ಶ್ರವಣಬೆಳಗೊಳಕ್ಕೆ ಹೋಗೋಣ ಅಂದಳು. ವಿಂಧ್ಯಗಿರಿಗೆ 600ಕ್ಕೂ ಹೆಚ್ಚು ಮೆಟ್ಟಿಲು, ಎಲ್ಲ ಬಂಡೆಯಲ್ಲೇ ಕಡಿದದ್ದು. ಚಪ್ಪಲಿ ಕೆಳಗೇ ಬಿಡಬೇಕು. ಹೊತ್ತೇರಿದರೆ ಕಲ್ಲು ಸುಡುತ್ತದೆ, ಹಾಗಾಗಿ ಬೆಳಗ್ಗೆಯೇ ಹೊರಟೆವು. ಅಮ್ಮನಿಗೆ ಡೋಲಿ ಮಾಡಿಸಿದೆ. ನಾನು ನಡೆದೆ. ಹತ್ತುವಾಗ ತಲೆ ತಗ್ಗಿಸಿ ಮೆಟ್ಟಿಲನ್ನೇ ನೋಡಬೇಕು, ಬೇರೆ ದಾರಿಯಿಲ್ಲ. ದೂರದ ರಸ್ತೆಯಿಂದ ಕಾಣುವ ಗೊಮ್ಮಟ ಆ ಮೆಟ್ಟಿಲ ಮೇಲೆ ಕಾಣುವುದೇ ಇಲ್ಲ.

ಮೇಲೆ ಹೋಗಿ ಒಳಗೆ ಕಾಲಿಟ್ಟಾಗ ಸುಮಾರು 58 ಅಡಿ ಎತ್ತರದ ಸ್ವಾಮಿ ಒಮ್ಮೆಗೇ ಎದುರು. ಎಷ್ಟು ಸಲ ನೋಡಿದರೂ ಎದೆ ತುಂಬಿ ಬರುತ್ತದೆ. ಮೂರು ಸಲ ನಮಸ್ಕಾರ ಮಾಡಿ ಪಾದದ ಹತ್ತಿರ ನಿಂತೆ. ಅಲ್ಲಿ ಪಕ್ಕದ ಕಲ್ಲಿನಲ್ಲಿ ಹಳಗನ್ನಡದ ಒಂದು ಚಿಕ್ಕ ಸಾಲು ಇದೆ. ಶ್ರೀ ಚಾವುಂಡರಾಜಂ ಮಾಡಿಸಿದಂ. ಶಾಲೆಯಲ್ಲಿ ಓದಿದ್ದೆ, ಹಿಂದೆ ಬಂದಾಗ ನೋಡಿಯೂ ಇದ್ದೆ. ಆದರೆ ಅವತ್ತು ಆ ಸಾಲು ನನ್ನನ್ನು ಹಿಡಿದು ನಿಲ್ಲಿಸಿತು.

ಚಾವುಂಡರಾಯ ಗಂಗರ ಮಂತ್ರಿ, ಸೇನಾಪತಿ. ಯುದ್ಧ ಗೆದ್ದು ಗಳಿಸಿದ ಬಿರುದುಗಳು ಒಂದೆರಡಲ್ಲ. ಸಮರ ಪರಶುರಾಮ, ವೀರ ಮಾರ್ತಾಂಡ, ರಣರಂಗಸಿಂಗ. 981ರ ಹೊತ್ತಿಗೆ ಇಂಥ ಮೂರ್ತಿ ನಿಲ್ಲಿಸಿದವನು ಆ ಬಿರುದುಗಳನ್ನೆಲ್ಲ ಅಲ್ಲಿ ಕೆತ್ತಿಸಬಹುದಿತ್ತು. ಬೆಟ್ಟದಲ್ಲಿ ಕಲ್ಲಿಗೇನು ಬರವೇ? ಸ್ವಾಮಿಯ ಪಾದದ ಹತ್ತಿರ ಒಂದನ್ನೂ ಕೆತ್ತಿಸಲಿಲ್ಲ. ಮಾಡಿಸಿದ್ದು ಇವನು, ಅಷ್ಟೇ. ಆಮೇಲೆ ಸುತ್ತಾಲಯ ಕಟ್ಟಿಸಿದ ಹೊಯ್ಸಳರ ದಂಡನಾಯಕ ಗಂಗರಾಜನೂ ಹಾಗೇ ಒಂದೇ ಸಾಲಲ್ಲಿ ಮುಗಿಸಿದ್ದಾನೆ. ನಮ್ಮ ಫಲಕದಲ್ಲಿ ಅಳಿಯಂದಿರ ಡಿಗ್ರಿಗಳೂ ಇದ್ದವು.

ಅಷ್ಟು ಚಿಕ್ಕದಾಗಿ ಹೆಸರು ಬರೆಸಿದವನ ಮನಸ್ಸಲ್ಲೂ ಒಂದು ಎಳೆ ಅಹಂಕಾರ ಉಳಿದಿತ್ತು ಅನ್ನುತ್ತದೆ ಬೆಳಗೊಳದ ಕಥೆ. ಮೊದಲ ಅಭಿಷೇಕಕ್ಕೆ ಕೊಡ ಕೊಡ ಹಾಲು ತರಿಸಿ ಸುರಿಸಿದ. ಹಾಲು ಪಾದದ ತನಕ ಇಳಿಯಲೇ ಇಲ್ಲ. ಆಗ ಒಬ್ಬ ಬಡ ಅಜ್ಜಿ ಒಂದು ಗುಳ್ಳಕಾಯಿಯ ಹೋಳಿನಲ್ಲಿ ಒಂದಿಷ್ಟು ಹಾಲು ತಂದು, ನಾನೂ ಎರೆಯುತ್ತೇನೆ ಅಂದಳು. ಜನ ನಕ್ಕಿರಬೇಕು. ಕೊನೆಗೆ ಅವಳಿಗೂ ಅವಕಾಶ ಸಿಕ್ಕಿತು. ಆ ಗುಟುಕು ಹಾಲು ಸ್ವಾಮಿಯ ತಲೆಯಿಂದ ಪಾದದವರೆಗೂ ಇಳಿದು, ಬೆಟ್ಟದಿಂದಲೂ ಹರಿದು ಹೋಯಿತಂತೆ. ಅಜ್ಜಿಯ ರೂಪದಲ್ಲಿ ಬಂದದ್ದು ಕೂಷ್ಮಾಂಡಿನಿ ದೇವಿ ಅಂತ ನಮ್ಮ ನಂಬಿಕೆ.

ಗೊಮ್ಮಟನ ಆವರಣದ ಹೊರಗೆ, ಬಾಗಿಲ ಎದುರಿಗೆ ಅವಳ ಮೂರ್ತಿ ಇದೆ. ಕೈಯಲ್ಲಿ ಆ ಕಾಯಿ ಹಿಡಿದು, ಸ್ವಾಮಿಗೆ ಮುಖ ಮಾಡಿ ನಿಂತಿದ್ದಾಳೆ. ಗೊಮ್ಮಟನನ್ನು ನೋಡುವ ಆತುರದಲ್ಲಿ ಎಷ್ಟೋ ಜನ ಅವಳನ್ನು ದಾಟಿಯೇ ಹೋಗುತ್ತಾರೆ. ನಾನೂ ಹಾಗೇ ಹೋಗಿದ್ದೆ, ಎಷ್ಟೋ ಸಲ. ಅವತ್ತು ಹಿಂತಿರುಗಿ ಬರುವಾಗ ಅವಳ ಮುಂದೆ ಕೂತೆ. ಆಗ ಹೊಳೆಯಿತು, ಇವಳಿಗೆ ಹೆಸರೇ ಇಲ್ಲವಲ್ಲ! ಗುಳ್ಳಕಾಯಜ್ಜಿ ಅನ್ನುವುದು ಹೆಸರಲ್ಲ. ಏನನ್ನು ಹಿಡಿದು ಬಂದಳೋ ಅದರಿಂದ ನಾವು ಕರೆಯುತ್ತೇವೆ, ಅಷ್ಟೇ. ಯಾವ ಊರು, ಯಾರ ಮಗಳು, ಒಂದೂ ಗೊತ್ತಿಲ್ಲ. ಕತ್ತಲಲ್ಲಿ ಚೊಂಬು ಹಿಡಿದು ಹೊರಡುತ್ತಿದ್ದ ಅಪ್ಪನ ಬೆನ್ನು ಕಣ್ಣ ಮುಂದೆ ಬಂತು. ಅಲ್ಲೇ ಅತ್ತುಬಿಟ್ಟೆ.

ಅಮ್ಮ ಸುಮ್ನೆ ಪಕ್ಕದಲ್ಲಿ ಕೂತಿದ್ದಳು. ಸ್ವಲ್ಪ ಹೊತ್ತಾದ ಮೇಲೆ, "ಅವನಿಗೇ ಬಿಡಲಿಲ್ಲ, ಇನ್ನು ನಮಗೆ ಬಿಡುತ್ತಾ" ಅಂದಳು. ಅವಳು ಹೇಳಿದ್ದು ಬಾಹುಬಲಿಯ ವಿಷಯ. ಅಣ್ಣ ಭರತನನ್ನು ಮೂರು ಯುದ್ಧದಲ್ಲೂ ಗೆದ್ದು, ಗೆದ್ದ ರಾಜ್ಯವನ್ನು ಅವನಿಗೇ ಬಿಟ್ಟು ತಪಸ್ಸಿಗೆ ನಿಂತವನು. ವರ್ಷವಿಡೀ ಅಲುಗಲಿಲ್ಲ. ಕಾಲಿಗೆ ಹುತ್ತ ಬೆಳೆಯಿತು, ತೋಳಿಗೆ ಬಳ್ಳಿ ಹಬ್ಬಿತು. ಆದರೂ ಕೇವಲಜ್ಞಾನ, ಅಂದರೆ ಎಲ್ಲವನ್ನೂ ಅರಿಯುವ ಪೂರ್ಣ ಜ್ಞಾನ, ಬರಲಿಲ್ಲ. ನಾನು ನಿಂತಿರುವುದು ಭರತನ ನೆಲದ ಮೇಲೆ ಅನ್ನುವ ಮುಳ್ಳು ಒಳಗೆ ಉಳಿದಿತ್ತು. ಭರತ ಬಂದು ಕೈಮುಗಿದ ಮೇಲೆ ಅದು ಕರಗಿತು. ಬಟ್ಟೆಯನ್ನೂ ಬಿಟ್ಟವನ ಹತ್ತಿರ 'ನಾನು' ಅಷ್ಟು ದಿನ ಅಡಗಿ ಕೂತಿತ್ತು ಅಂದರೆ, ನಮ್ಮಂಥ ಸಂಸಾರಿಗಳ ಅಡುಗೆಮನೆಯಲ್ಲಿ, ಆಫೀಸಿನಲ್ಲಿ, ದಾನದ ರಸೀದಿಯಲ್ಲಿ ಅದು ಎಲ್ಲೆಲ್ಲಿ ಕೂತಿರುತ್ತದೋ! ನನಗಂತೂ ಅದು ಪೂಜೆಯ ಹೊತ್ತಿನಲ್ಲೇ ಜಾಸ್ತಿ ಕಾಣಿಸಿಕೊಂಡಿದೆ.

ಆ ವರ್ಷ ಹತ್ತೂ ದಿನ ಊರಿನಲ್ಲೇ ಇದ್ದೆ. ಪರ್ವ ಮುಗಿದ ಮೇಲೆ ಕ್ಷಮಾವಾಣಿಯ ದಿನ ಎಲ್ಲರೂ ಒಬ್ಬರಿಗೊಬ್ಬರು ಕೈಮುಗಿದು ಕ್ಷಮೆ ಕೇಳುವುದು ನಮ್ಮ ಪದ್ಧತಿ. ಆ ಹಿರಿಯರ ಮನೆ ಬಾಗಿಲಿಗೆ ಹೋಗುವಷ್ಟರಲ್ಲಿ ನನ್ನ ಗಂಟಲು ಕಟ್ಟಿತ್ತು. ನಾನು ಬಾಯಿ ತೆರೆಯುವ ಮೊದಲೇ ಅವರೇ ಎದ್ದು ಬಂದು, "ಉತ್ತಮ ಕ್ಷಮಾ, ತಾಯಿ" ಅಂತ ಕೈಮುಗಿದರು. ನಾನು ಬಗ್ಗಿ ಕಾಲಿಗೆ ನಮಸ್ಕಾರ ಮಾಡಿದೆ.

"ನಿಮ್ಮ ಅಪ್ಪನ ಫಲಕಕ್ಕೆ ಈ ಕಡೆ ಗೋಡೆಯಲ್ಲಿ ಜಾಗ ಮಾಡಿಸಿದ್ದೀನಮ್ಮ, ನಾಳೆ ಕೂರಿಸೋಣ" ಅಂದರು.

"ಬೇಡ ಬಿಡಿ ದೊಡ್ಡಪ್ಪ," ಅಂದೆ. "ಬೆಳಗ್ಗೆ ಅಭಿಷೇಕಕ್ಕೆ ಹಾಲು ಎಷ್ಟು ಹೊತ್ತಿಗೆ ತರಬೇಕು, ಅದನ್ನು ಹೇಳಿ."

"ಐದೂವರೆಗೆ ಬಾ," ಅಂದರು. "ನಿಮ್ಮಪ್ಪ ಐದಕ್ಕೇ ಬರ್ತಿದ್ದ."