‘ಆ ಚಿತ್ರದಲ್ಲಿ ಕಥೆ ಎಲ್ಲಿದೆ?’

ಮುಂಬೈಯ ದಿನನಿತ್ಯದ ಬದುಕನ್ನು ಕುರಿತ ನನ್ನ ಕಿರುಚಿತ್ರವನ್ನು ಕಾರವಾರದಲ್ಲಿ ತೋರಿಸಲಿ, ಶಿರಸಿಯಲ್ಲಿ ತೋರಿಸಲಿ, ಪ್ರದರ್ಶನ ಮುಗಿದೊಡನೆ ಯಾರಾದರೂ ಕೇಳಿಯೇ ಕೇಳುತ್ತಾರೆ: ‘ಕ್ಯಾಮೆರಾ ಇಟ್ಟು ಕಂಡದ್ದನ್ನು ಹಿಡಿದಿದ್ದೀರಿ, ಸರಿ, ಇದರಲ್ಲಿ ಕಥೆ ಎಲ್ಲಿದೆ?’

ಒಂದು ಕೆಲಸವನ್ನು ಅದಕ್ಕೆ ತಗಲುವ ಹೊತ್ತಿನೊಂದಿಗೇ ನೋಡುವುದರಲ್ಲಿದೆ ಎಂಬುದು ನನ್ನ ಉತ್ತರ. 1875ರಲ್ಲಿ ತೆರೆದ ಮುಂಬೈಯ ಸಸೂನ್ ಡಾಕ್ ಬಂದರಿನಲ್ಲಿ ಇಂದಿಗೂ ನಸುಕಿನಲ್ಲೇ ಮೀನು ಇಳಿಯುತ್ತದೆ, ಹರಾಜು ನಡೆಯುತ್ತದೆ. ಆ ಗದ್ದಲದ ಪಕ್ಕದಲ್ಲೇ ಹೆಂಗಸರು ಸಾಲಾಗಿ ಕುಳಿತು ಸಿಗಡಿ ಸುಲಿಯುತ್ತಿರುತ್ತಾರೆ. ಚಿತ್ರದಲ್ಲಿ ಆ ದೃಶ್ಯವನ್ನು ನಾನು ಎಲ್ಲಿಯೂ ಕತ್ತರಿಸಿಲ್ಲ. ಮೊದಲಿಗೆ ಕಾಣುವುದು ಕೈಗಳ ವೇಗ ಮಾತ್ರ. ನೋಡುತ್ತ ಹೋದಂತೆ ತಣ್ಣೀರಿನಲ್ಲಿ ನೆನೆದು ಸುಕ್ಕುಗಟ್ಟಿದ ಬೆರಳುಗಳು, ಒಮ್ಮೆ ಬೆನ್ನು ನೆಟ್ಟಗೆ ಮಾಡಿಕೊಂಡು ತಕ್ಷಣವೇ ಮತ್ತೆ ಬಾಗುವ ಹೆಂಗಸು, ಬುಟ್ಟಿ ಬರಿದಾಗುವ ಮೊದಲೇ ಪಕ್ಕಕ್ಕೆ ಬಂದು ಕೂರುವ ಇನ್ನೊಂದು ಬುಟ್ಟಿ ಕಣ್ಣಿಗೆ ಬೀಳುತ್ತವೆ. ಐದು ಸೆಕೆಂಡಿಗೆ ಕತ್ತರಿಸಿದ್ದರೆ ಇದೇ ದೃಶ್ಯ ‘ಮುಂಬೈಯಲ್ಲಿ ಯಾರಿಗೂ ಪುರುಸೊತ್ತಿಲ್ಲ’ ಎಂಬ ಹಳೆಯ ಮಾತನ್ನಷ್ಟೇ ಹೇಳುತ್ತಿತ್ತು. ಲೋಕಲ್ ರೈಲಿನ ಜನಸಂದಣಿಯನ್ನು ವೇಗ ಹೆಚ್ಚಿಸಿ ತೋರಿಸುವ ಚಿತ್ರಗಳು ನನಗೆ ಒಗ್ಗದಿರುವುದೂ ಇದೇ ಕಾರಣಕ್ಕೆ. ಅವುಗಳಲ್ಲಿ ಒಬ್ಬರ ಮುಖವೂ ಕಣ್ಣಲ್ಲಿ ನಿಲ್ಲುವುದಿಲ್ಲ.

‘ಕ್ಯಾಮೆರಾ ಇಟ್ಟು ಹಿಡಿಯುವುದು’ ಅಷ್ಟು ಸರಳವೂ ಅಲ್ಲ. 1895ರಲ್ಲಿ ಸಿನಿಮಾದ ಮೊದಲಿಗರಲ್ಲಿ ಸೇರಿದ ಲ್ಯೂಮಿಯೇರ್ ಸಹೋದರರು ಫ್ರಾನ್ಸಿನ ಲಿಯೋನ್‌ನಲ್ಲಿದ್ದ ತಮ್ಮ ಕಾರ್ಖಾನೆಯಿಂದ ಕೆಲಸಗಾರರು ಹೊರಬರುವುದನ್ನು ಚಿತ್ರೀಕರಿಸಿದರು. ಒಂದು ನಿಮಿಷವೂ ಇರದ ಆ ಚಿತ್ರದ ಮೂರು ಬೇರೆ ಬೇರೆ ರೂಪಗಳು ಉಳಿದಿವೆ, ಅಂದರೆ ಅದನ್ನು ಒಂದಕ್ಕಿಂತ ಹೆಚ್ಚು ಸಲ ತೆಗೆಯಲಾಗಿತ್ತು. ಕ್ಯಾಮೆರಾ ಎಲ್ಲಿಡಬೇಕು, ಯಾವಾಗ ಶುರು ಮಾಡಬೇಕು, ಯಾವುದನ್ನು ಉಳಿಸಿಕೊಳ್ಳಬೇಕು ಎಂಬ ಆಯ್ಕೆ ಸಿನಿಮಾದೊಂದಿಗೇ ಹುಟ್ಟಿದೆ.

ನಿರೂಪಣೆಯ ಧ್ವನಿಯನ್ನಾದರೂ ಸೇರಿಸಬಹುದಿತ್ತಲ್ಲ ಎನ್ನುವವರಿದ್ದಾರೆ. ಕಾರವಾರದ ಪ್ರದರ್ಶನಕ್ಕೆ ಬಂದಿದ್ದ, ಬೈತಖೋಲ್ ಬಂದರಿನಿಂದ ಮೀನು ತಂದು ಮಾರುವ ಹಿರಿಯ ಹೆಂಗಸೊಬ್ಬರು ಕಥೆಯ ವಿಚಾರವನ್ನೇ ಎತ್ತಲಿಲ್ಲ. ಸಿಗಡಿ ಸುಲಿಯುವವರಿಗೆ ಕೂಲಿ ದಿನದ ಲೆಕ್ಕವೋ ತೂಕದ ಲೆಕ್ಕವೋ ಎಂದು ಕೇಳಿದರು. ತೂಕದ ಲೆಕ್ಕವೆಂದಾಗ, ಆ ಹೆಂಗಸು ಬೆನ್ನು ನೆಟ್ಟಗೆ ಮಾಡಿಕೊಂಡು ಅರೆಗಳಿಗೆಯೂ ನಿಲ್ಲದಿದ್ದಾಗಲೇ ತಮಗೆ ಹಾಗನ್ನಿಸಿತ್ತೆಂದರು. ಕೂಲಿಯ ಲೆಕ್ಕವನ್ನು ನಿರೂಪಕನ ಬಾಯಲ್ಲಿ ಮೊದಲೇ ಹೇಳಿಸಿದ್ದರೆ ಅವರು ಆ ಬೆನ್ನನ್ನು ಅಷ್ಟು ಗಮನವಿಟ್ಟು ನೋಡುತ್ತಿದ್ದರೆಂದು ನನಗೆ ಅನ್ನಿಸುವುದಿಲ್ಲ.