ನೀಲ್ ಫಾಕ್ಸ್ ಪಾಯಿಂಟ್ ಲೆಕ್ಕ: ಶೀಟ್ ಎಲ್ಲಿಗೆ ಬಂತು

ವೇಕ್‌ಫೀಲ್ಡ್ ಟ್ರಿನಿಟಿ ಅನ್ನೋ ಇಂಗ್ಲೆಂಡಿನ ರಗ್ಬಿ ಲೀಗ್ ಕ್ಲಬ್‌ನ ಆಟಗಾರ ನೀಲ್ ಫಾಕ್ಸ್ ಅವರ ಆಟದ ಲೆಕ್ಕವನ್ನೆಲ್ಲ ಒಂದು ಎಕ್ಸೆಲ್ ಶೀಟಿಗೆ ಇಳಿಸುವ ಕೆಲಸ ಈಗ ಒಂದು ಹದಕ್ಕೆ ಬಂದಿದೆ. ಒಟ್ಟು ಮೊತ್ತ ತಾಳೆಯಾಯಿತು. ಲಂಡನ್ನಿನ ವೆಂಬ್ಲಿ ಕ್ರೀಡಾಂಗಣದಲ್ಲಿ ನಡೆದ ಫೈನಲ್‌ಗಳ ಪುಟವೂ ಮುಗಿಯಿತು.

ಹೊಸಬರಿಗೆ ಎರಡು ಮಾತು. ರಗ್ಬಿ ಲೀಗ್ ಅಂದರೆ ತಂಡಕ್ಕೆ 13 ಜನ ಆಡುವ ರಗ್ಬಿ. ಕೆಲಸ ಬಿಟ್ಟು ಆಡಲು ಬರುವ ಕಾರ್ಮಿಕರಿಗೆ ಆ ದಿನದ ಕೂಲಿ ಕಟ್ಟಿಕೊಡಬೇಕು ಅಂತ ಪಟ್ಟು ಹಿಡಿದು ಉತ್ತರ ಇಂಗ್ಲೆಂಡಿನ ಕ್ಲಬ್‌ಗಳು 1895ರಲ್ಲಿ ಬೇರೆಯಾದವು, ಅಲ್ಲಿಂದ ಬೆಳೆದ ಆಟ ಇದು. ಫಾಕ್ಸ್ ಹುಟ್ಟಿದ್ದು 1939ರಲ್ಲಿ, ಯಾರ್ಕ್‌ಷೈರ್‌ನ ಶಾರ್ಲ್‌ಸ್ಟನ್ ಅನ್ನೋ ಕಲ್ಲಿದ್ದಲು ಗಣಿಯ ಊರಲ್ಲಿ. 1956ರಲ್ಲಿ, ಇನ್ನೂ 16ರ ಹುಡುಗನಾಗಿದ್ದಾಗಲೇ ಟ್ರಿನಿಟಿ ಪರ ಆಡಿದರು. ಸೆಂಟರ್ ಜಾಗದ ಆಟಗಾರ, ಅಂದರೆ ಚೆಂಡು ಹಿಡಿದು ಓಡಿ ದಾಳಿ ಮಾಡುವವರಲ್ಲೊಬ್ಬರು. ಗೋಲಿಗೆ ಒದೆಯುತ್ತಿದ್ದದ್ದು ಎಡಗಾಲಲ್ಲಿ.

ಈಗ ಲೆಕ್ಕ. ಎದುರಾಳಿಯ ಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತಿದರೆ ಟ್ರೈ, ಕಂಬಗಳ ನಡುವೆ ಒದ್ದು ದಾಟಿಸಿದರೆ ಗೋಲ್. ದಾಖಲೆಯಲ್ಲಿ ಇರೋದು 358 ಟ್ರೈ, 2,575 ಗೋಲ್, ಒಟ್ಟು 6,220 ಪಾಯಿಂಟ್. ಆ ಕಾಲದಲ್ಲಿ ಟ್ರೈಗೆ 3, ಗೋಲಿಗೆ 2. ಹಾಗೆ ಗುಣಿಸಿದರೆ ಟ್ರೈಗಳಿಂದ 1,074, ಗೋಲುಗಳಿಂದ 5,150, ಕೂಡಿದರೆ 6,224. ನಾಲ್ಕು ಜಾಸ್ತಿ! ಕಾರಣ ನಿಯಮದಲ್ಲಿದೆ. ಆಟ ನಡೀತಿರುವಾಗಲೇ ಚೆಂಡನ್ನು ಕೈಯಿಂದ ನೆಲಕ್ಕೆ ಬಿಟ್ಟು, ಅದು ಪುಟಿಯುವಾಗಲೇ ಕಂಬಗಳ ನಡುವೆ ಒದೆಯೋದು ಡ್ರಾಪ್ ಗೋಲ್. 1974ರಲ್ಲಿ ಅದರ ಬೆಲೆ 2ರಿಂದ 1ಕ್ಕೆ ಇಳಿಯಿತು. ಫಾಕ್ಸ್ 1979ರವರೆಗೂ ಆಡುತ್ತಲೇ ಇದ್ದರಲ್ಲ, ಅವರ ಗೋಲುಗಳಲ್ಲಿ ನಾಲ್ಕು ಈ ಒಂದು ಪಾಯಿಂಟಿನವು. ಇಡೀ ಶೀಟಿನಲ್ಲಿ ನನಗೆ ತುಂಬಾ ಇಷ್ಟವಾದ ಜಾಗ ಇದೇ. ಮೊತ್ತವನ್ನು ಸುಮ್ನೆ ಓದಿದ್ದರೆ ಅವರು ಎರಡು ನಿಯಮಗಳ ಕಾಲ ದಾಟಿ ಬಂದದ್ದು ಕಾಣುತ್ತಲೇ ಇರಲಿಲ್ಲ.

ಪಕ್ಕದಲ್ಲೇ ವಿಗನ್‌ನ ಜಿಮ್ ಸಲಿವನ್ ಅವರ ಲೆಕ್ಕವನ್ನೂ ಇಟ್ಟೆ. ಅವರದ್ದು 2,867 ಗೋಲ್, ಫಾಕ್ಸ್‌ಗಿಂತ 292 ಹೆಚ್ಚು. ಆದರೆ ಟ್ರೈ 96 ಮಾತ್ರ, ಹಾಗಾಗಿ ಮೊತ್ತ 6,022. ಫಾಕ್ಸ್ ಮುಂದಿರೋದು ಓಡಿ ಗಳಿಸಿದ ಪಾಯಿಂಟುಗಳಿಂದ. ಅವರನ್ನು ಬರೀ ಒದೆಯುವವರು ಅಂತ ನೆನಪಿಟ್ಟುಕೊಳ್ಳೋದು ಅನ್ಯಾಯ ಅಂತ ನನಗನಿಸುತ್ತೆ.

1983ರಿಂದ ಟ್ರೈಗೆ 4 ಪಾಯಿಂಟ್. ಅದಕ್ಕೇ ವೆಂಬ್ಲಿ ಪುಟದಲ್ಲಿ ಈಗಿನ ಬೆಲೆಯ ಕಾಲಮ್ ಒಂದನ್ನು ಸೇರಿಸಿದೆ. 1960ರ ಚಾಲೆಂಜ್ ಕಪ್ (ರಗ್ಬಿ ಲೀಗಿನ ನಾಕೌಟ್ ಕಪ್) ಫೈನಲ್, ಹಲ್ ವಿರುದ್ಧ 38-5: ಫಾಕ್ಸ್‌ದು 2 ಟ್ರೈ, 7 ಗೋಲ್, 20 ಪಾಯಿಂಟ್. ಈಗಿನ ಲೆಕ್ಕಕ್ಕೆ 22. ಇದರಲ್ಲಿ ಹೇಳುವಂಥದ್ದೇನಿಲ್ಲ, ಏಕಪಕ್ಷೀಯ ಪಂದ್ಯ. 1962 ಹಾಗಲ್ಲ. ಹಡರ್ಸ್‌ಫೀಲ್ಡ್ ವಿರುದ್ಧ 12-6, ಫಾಕ್ಸ್ ಒಂದು ಟ್ರೈ ಜೊತೆಗೆ ಮೂರು ಡ್ರಾಪ್ ಗೋಲ್ ಹೊಡೆದು ಒಬ್ಬರೇ 9 ತಂದರು, ಪಂದ್ಯದ ಶ್ರೇಷ್ಠ ಆಟಗಾರನಿಗೆ ಕೊಡುವ ಲ್ಯಾನ್ಸ್ ಟಾಡ್ ಟ್ರೋಫಿಯೂ ಅವರಿಗೇ. ಈಗಿನ ಬೆಲೆ ಹಾಕಿದರೆ ಅದೇ ಪಂದ್ಯ 11-8 ಆಗುತ್ತೆ. ಮುಂದಿನ ವಾರವೇ ಹಡರ್ಸ್‌ಫೀಲ್ಡ್ ಚಾಂಪಿಯನ್‌ಶಿಪ್ ಫೈನಲ್‌ನಲ್ಲಿ 14-5ರಿಂದ ಸೇಡು ತೀರಿಸಿಕೊಂಡಿತು.

1968ರ ಸಾಲು ತುಂಬುವಾಗ ಮಾತ್ರ ಕೈ ನಿಂತಿತು. ಗಾಯದಿಂದ ನೀಲ್ ಆಡಲಿಲ್ಲ. ಮಳೆಗೆ ಮೈದಾನದ ತುಂಬಾ ನೀರು. ಗೋಲಿಗೆ ಒದೆಯುವ ಹೊಣೆ ಅಣ್ಣ ಡಾನ್ ಫಾಕ್ಸ್ ಮೇಲೆ ಬಿತ್ತು. ಲೀಡ್ಸ್ 11-7ರಿಂದ ಮುಂದಿದ್ದಾಗ ಕೊನೇ ಕ್ಷಣದಲ್ಲಿ ವೇಕ್‌ಫೀಲ್ಡ್ ಟ್ರೈ ಗಳಿಸಿತು, 11-10. ಟ್ರೈ ಆದ ಮೇಲೆ ಗೋಲಿಗೆ ಒದೆಯುವ ಅವಕಾಶ ಸಿಗುತ್ತೆ, ಅದು ಗೋಲ್ ಆಗಿದ್ದರೆ ಗೆಲುವು. ಕಂಬಗಳ ಎದುರಿಗೇ ಇದ್ದ ಡಾನ್ ಅವರ ಆ ಒದೆತ ಗುರಿ ತಪ್ಪಿ ಪಕ್ಕಕ್ಕೆ ಹೋಯಿತು. ಲ್ಯಾನ್ಸ್ ಟಾಡ್ ಟ್ರೋಫಿ ಅವತ್ತು ಡಾನ್ ಅವರದ್ದೇ, ಅಷ್ಟು ಚೆನ್ನಾಗಿ ಆಡಿದ್ದರು ಪಾಪ. ಇದಕ್ಕೂ ಈಗಿನ ಬೆಲೆ ಹಾಕಿದೆ: ಲೀಡ್ಸ್ 1 ಟ್ರೈ 4 ಗೋಲ್, ವೇಕ್‌ಫೀಲ್ಡ್ 2 ಟ್ರೈ 2 ಗೋಲ್. 12-12! ಒದೆತ ತಪ್ಪಿದ್ದರೂ ಸೋಲು ಇಲ್ಲ. ಇಷ್ಟು ವರ್ಷ ಒಬ್ಬ ಆಟಗಾರನ ಹೆಸರಿಗೆ ಅಂಟಿಕೊಂಡ ಆ ಒಂದು ಒದೆತವನ್ನು ನೆನೆದರೆ ಹೊಟ್ಟೆ ಚುರ್ ಅನ್ನುತ್ತೆ.

ಮುಂದಿನ ಪುಟ ಗ್ರೇಟ್ ಬ್ರಿಟನ್ ಪರ ನೀಲ್ ಆಡಿದ 29 ಟೆಸ್ಟ್‌ಗಳದ್ದು. ಟ್ರೈಗೂ ಗೋಲಿಗೂ ಬೇರೆ ಬೇರೆ ಕಾಲಮ್ ಆಗಲೇ ಹಾಕಿಟ್ಟಿದ್ದೇನೆ.